ಹದಿನಾರು ಗಂಟೆ

ಜುಲೈ 3, 2025, ಗುರುವಾರ
ಅಮ್ಮತ್ತಿ

ಹೋದ ಡಿಸೆಂಬರಿನ ಪುತ್ತರಿ ಹಬ್ಬದ ದಿನ ಓವನ್ ಹದಿನಾರು ಗಂಟೆ ಉರಿದಿರಲಿಲ್ಲ. ನಾಲ್ಕೂವರೆ ಗಂಟೆ ಉರಿದಿತ್ತು. ಪುಸ್ತಕದಲ್ಲಿ ‘16’ ಎಂದು ಬರೆದವಳು ನಾನು.

ಡಿಸೆಂಬರಿನಿಂದ ಇದನ್ನು ಯಾರಿಗೂ ಹೇಳಿಲ್ಲ. ಇವತ್ತು ಒಂದು ಫೋನ್ ಬಂತು. ಎಲ್ಲಿಯಾದರೂ ಹೇಳದಿದ್ದರೆ ಆಗುವುದಿಲ್ಲ ಅನ್ನಿಸಿ, ಸಂಜೆ ಅಂಗಡಿಯಿಂದ ಈ ನೋಟ್‌ಬುಕ್ ತಂದೆ. ಮೊದಲಿನಿಂದ ಬರೆಯುತ್ತೇನೆ. ನನಗಾದರೂ ಸರಿಯಾಗಿ ಕಾಣಲಿ.

ನಾವು ಮಾಡುವುದು ಕಾಫಿಯ ಮಾಯಿಶ್ಚರ್ ಮೀಟರ್. ಒಂದು ಲೋಟ ಬೀಜ ಸುರಿದು ಗುಂಡಿ ಒತ್ತಿದರೆ, ಬೀಜದಲ್ಲಿ ನೂರಕ್ಕೆ ಎಷ್ಟು ಪಾಲು ನೀರಿದೆ ಎಂದು ತೋರಿಸುತ್ತದೆ. ಹನ್ನೊಂದು ಬಂದರೆ ಒಣಗಿದೆ, ಚೀಲಕ್ಕೆ ತುಂಬಬಹುದು. ಆದರೆ ಮೀಟರಿಗೆ ತಾನಾಗಿ ಏನೂ ಗೊತ್ತಿರುವುದಿಲ್ಲ. ನಾವು ಕಲಿಸಬೇಕು. ಹತ್ತು ಗ್ರಾಂ ಬೀಜ ತೂಗಿ, ನೂರೈದು ಡಿಗ್ರಿಯ ಓವನ್ನಿನಲ್ಲಿ ಹದಿನಾರು ಗಂಟೆ ಇಟ್ಟು, ಮತ್ತೆ ತೂಗಬೇಕು. ಕಳೆದ ತೂಕವೇ ನೀರು. ಆ ಅಂಕಿ ಇಟ್ಟುಕೊಂಡು ಮೀಟರುಗಳನ್ನು ತಿದ್ದುತ್ತೇವೆ. ಓವನ್ ಮಧ್ಯದಲ್ಲಿ ಆರಿದರೆ ಬೀಜದೊಳಗೆ ನೀರು ಉಳಿದುಬಿಡುತ್ತದೆ. ಇದ್ದದ್ದಕ್ಕಿಂತ ಕಡಿಮೆ ನೀರಿತ್ತು ಎಂದು ನಾವು ತಿಳಿಯುತ್ತೇವೆ. ಆ ಸಲದ ಮೀಟರುಗಳೆಲ್ಲ ಅದೇ ತಪ್ಪನ್ನು ಕಲಿಯುತ್ತವೆ.

ಪುತ್ತರಿಯ ದಿನ ಮಧ್ಯಾಹ್ನವೇ ಎಲ್ಲರೂ ಮನೆಗೆ ಹೋದರು. ನಮ್ಮ ಮಾಲೀಕರು ಪೂವಯ್ಯ ಸರ್ ಹೊಸ ಭತ್ತದ ಕದಿರು ತೆಗೆಯಲು ತಮ್ಮ ಹಿರಿಯರ ಐನ್‌ಮನೆಗೆ ಹೊರಟರು. ಹೋಗುವಾಗ ಮೊದಲ ಬಾರಿ ಬೀಗದ ಕೈಯನ್ನು ನನ್ನ ಕೈಯಲ್ಲಿಟ್ಟರು. ನಾಲ್ಕು ಗಂಟೆಗೆ ಹನ್ನೆರಡು ತಟ್ಟೆ ಓವನ್ನಿನಲ್ಲಿಟ್ಟು ಬಾಗಿಲು ಹಾಕಿದೆ. ಮರುದಿನ ಬೆಳಿಗ್ಗೆ ಎಂಟಕ್ಕೆ ಬಂದಾಗ ಓವನ್ ಬಿಸಿಯಾಗಿಯೇ ಇತ್ತು, ಮುಳ್ಳು ನೂರೈದರಲ್ಲಿತ್ತು. ತೂಗಿದೆ, ಬರೆದೆ. ಆಮೇಲೆ ಪಕ್ಕದ ಬೇಕರಿಗೆ ಹೋದರೆ ಬನ್ನಿಲ್ಲ. “ನಿನ್ನೆ ಐದೂವರೆಗೆ ಹೋದ ಕರೆಂಟು ಬೆಳಿಗ್ಗೆ ಐದಕ್ಕೆ ಬಂದದ್ದು. ಹಿಟ್ಟೆಲ್ಲ ಹುಳಿ,” ಅಂದರು.

ಮತ್ತೆ ಒಳಗೆ ಬಂದು ಕೂತೆ. ಓವನ್ ಉರಿದದ್ದು ಸಾಯಂಕಾಲ ಒಂದೂವರೆ ಗಂಟೆ, ಬೆಳಿಗ್ಗೆ ಮೂರು ಗಂಟೆ. ಸೋಮವಾರ ಮೂವತ್ತೆಂಟು ಮೀಟರು ಹೊರಡಬೇಕಿತ್ತು. ಇನ್ನೊಮ್ಮೆ ಇಟ್ಟರೆ ಹೊರಡುವುದಿಲ್ಲ. ಬೀಗದ ಕೈ ಕೊಟ್ಟ ಮೊದಲ ದಿನವೇ ಹೀಗಾಯಿತು ಎಂದು ಹೇಳಲು ನನಗೆ ಬಾಯಿ ಬರಲಿಲ್ಲ. ಗಂಟೆಯ ಜಾಗ ಖಾಲಿ ಇತ್ತು. ತುಂಬಿದೆ.

ಇವತ್ತಿನ ಫೋನು ನೆಲ್ಯಹುದಿಕೇರಿಯಿಂದ. ಸುಬ್ಬಿ ಅಂತ, ಅಲ್ಲಿನ ಹೆಂಗಸರ ಸಂಘದವರು. ಎಲ್ಲರೂ ಸೇರಿ ನಮ್ಮ ಒಂದು ಮೀಟರ್ ಕೊಂಡಿದ್ದರು. ಡಿಸೆಂಬರಿನದು. ಚೀಲ ಬಿಚ್ಚಿದರೆ ಕಾಫಿಗೆ ಬೂಷ್ಟು ಹಿಡಿದಿದೆಯಂತೆ.

ಜುಲೈ 6, ಭಾನುವಾರ

ಎರಡು ದಿನ ಬರೆಯಲಿಲ್ಲ. ಬರೆಯುವುದೆಂದರೆ ನನಗೆ ಆಗದು. ಒಂಬತ್ತನೇ ಕ್ಲಾಸಿನಲ್ಲಿ ಶಾಲೆ ಬಿಟ್ಟವಳು ನಾನು. ಲ್ಯಾಬಿನ ಥರ್ಮಾಮೀಟರ್ ಒಡೆದದ್ದು ನಾನೇ ಎಂದು ಎದ್ದು ನಿಂತು ಹೇಳಿದ್ದೆ. ಹೆಡ್‌ಮಾಸ್ಟರು ಅದರ ಜೊತೆಗೆ ಕಳೆದುಹೋದ ಎರಡು ಬೀಕರಿಗೂ ತಪ್ಪಾಯಿತು ಅನ್ನು ಎಂದರು. ಅವು ನನಗೆ ಗೊತ್ತಿರಲಿಲ್ಲ. ಅನ್ನಲಿಲ್ಲ. ಬ್ಯಾಗು ತಗೊಂಡು ಶನಿವಾರಸಂತೆಯ ಬಸ್ಸು ಹತ್ತಿ ಮನೆಗೆ ಹೋದೆ. ಮತ್ತೆ ಹೋಗಲೇ ಇಲ್ಲ.

ಆಮೇಲೆ ಕುಶಾಲನಗರದ ಪೆಟ್ರೋಲ್ ಬಂಕು, ವಿರಾಜಪೇಟೆಯ ಮೊಬೈಲ್ ಅಂಗಡಿ, ಗಾಳಿಬೀಡಿನ ಹೋಂಸ್ಟೇ. ಎಲ್ಲಿಯೂ ನಾಲ್ಕು ತಿಂಗಳು ದಾಟಲಿಲ್ಲ. ಹೋಂಸ್ಟೇಯಲ್ಲಿ ಅಂಗಡಿಯ ಜೇನನ್ನು ಕಾಡಿನ ಜೇನು ಅನ್ನು ಎಂದರು, ನಾನು ಅತಿಥಿಗಳಿಗೆ ಬಾಟಲಿಯ ಚೀಟಿ ತೋರಿಸಿದೆ. ಇಲ್ಲಿ ಹದಿನೈದು ತಿಂಗಳಾಯಿತು.

ಸರ್ ಕೆಲಸ ಕೊಡುವಾಗ ಕೇಳಿದ್ದು ಒಂದೇ. “ಎಂತ ಓದಿದ್ದೀ?”

“ಒಂಬತ್ತನೇ ಕ್ಲಾಸು. ಓಡಿಬಂದೆ.”

“ಸರ್ಟಿಫಿಕೇಟು?”

“ಓಡಿಬಂದೋರಿಗೆ ಕೊಡಲ್ಲ ಸರ್.”

ಅವರು ಜೋರಾಗಿ ನಕ್ಕರು. ಪಟ್ಟಾಳದಲ್ಲಿ ಸೈನ್ಯದ ರೇಡಿಯೋ ರಿಪೇರಿ ಕಲಿತು ಬಂದು, ಇದೇ ಶೆಡ್ಡಿನಲ್ಲಿ 1984ರಲ್ಲಿ ಮೊದಲ ಮೀಟರ್ ಮಾಡಿದವರು. ಅವರೂ ಹತ್ತನೇ ಕ್ಲಾಸಿನಲ್ಲಿ ಎರಡು ಸಲ ಫೇಲು. ಈಗ ಎಪ್ಪತ್ತನಾಲ್ಕು. ಮಕ್ಕಳಿಲ್ಲ. ಗಳಿಸಿದ್ದನ್ನೆಲ್ಲ ವಿಶ್ವವಿದ್ಯಾಲಯಕ್ಕೆ ಕೊಟ್ಟು ಅಳತೆಯ ಪ್ರಯೋಗಾಲಯ ಕಟ್ಟಿಸಿದ್ದಾರೆ. ಆಗಸ್ಟ್ ಒಂಬತ್ತಕ್ಕೆ ಉದ್ಘಾಟನೆ. ದುಡ್ಡಿಗಿಂತ ಹೆಚ್ಚಾಗಿ ಅವರು ಕೊಡುತ್ತಿರುವುದು ಓವನ್ ಪುಸ್ತಕಗಳನ್ನು. ನಲವತ್ತೊಂದು ವರ್ಷ, ನಲವತ್ತೊಂದು ಪುಸ್ತಕ. ಯಾವ ಬೀಜ, ಎಷ್ಟು ಗಂಟೆ, ಎಷ್ಟು ನೀರು. “ಇದರಲ್ಲಿ ಒಂದು ಅಂಕಿ ಸುಳ್ಳಿಲ್ಲ,” ಎಂದು ಬಂದವರಿಗೆಲ್ಲ ಹೇಳುತ್ತಾರೆ.

ಹೇಳುವಾಗ ನಾನು ಬೆಸುಗೆ ಹಾಕುತ್ತಿರುತ್ತೇನೆ.

ಜುಲೈ 8, ಮಂಗಳವಾರ

ಸರ್ ನನ್ನನ್ನೇ ಕಳಿಸಿದರು. “ಹೋಗಿ ನೋಡಿ ಬಾ ಕುಂಞಿ. ಹೊಸ ಮೀಟರ್ ಒಂದು ತಕ್ಕೊಂಡು ಹೋಗು.” ಹತ್ತೊಂಬತ್ತು ದಾಟಿದವಳನ್ನು ಇನ್ನೂ ಮಗು ಎಂದೇ ಕರೆಯುತ್ತಾರೆ.

ಸಂಘದ ಚೀಲಗಳು ಅಂಗನವಾಡಿಯ ಹಿಂದಿನ ಕೋಣೆಯಲ್ಲಿದ್ದವು. ಕೆಳಗೆ ಹಲಗೆ, ಹಲಗೆಯ ಕೆಳಗೆ ಇಟ್ಟಿಗೆ. ನೆಲ ಒಣಗಿತ್ತು. ಗೋಡೆ ಮುಟ್ಟಿ ನೋಡಿದೆ, ಅದೂ ಒಣ. ಇಪ್ಪತ್ತಾರು ಚೀಲ. ಪ್ರತಿ ಚೀಲದ ಮೇಲೆ ಸೀಮೆಸುಣ್ಣದಲ್ಲಿ ‘11’. ತುಂಬುವ ದಿನ ಮೀಟರ್ ತೋರಿಸಿದ್ದು.

ಸುಬ್ಬಿ ಒಂದು ಚೀಲದ ಬಾಯಿ ಬಿಚ್ಚಿದರು. ಒದ್ದೆ ಗೋಣಿಯ ವಾಸನೆ ಬಂತು.

“ಮೂಸು. ಇನ್ನೂ ಹತ್ರ ಬಂದು ಮೂಸು. ವ್ಯಾಪಾರಿ ಇದನ್ನ ಮೂಸಿ ಏನಂದ ಗೊತ್ತಾ? ನೀವು ಒಣಗಿಸದೆ ತೂಕಕ್ಕೆ ನೀರು ಇಟ್ಟಿದೀರ, ಕಳ್ಳಿಯರು ಅಂದ.”

“ಮಳೆ ಬರೋ ಮುಂಚೆ ಮಾರಬಹುದಿತ್ತಲ್ಲ ಅಕ್ಕ?”

“ರೇಟು ಏರ್ತದೆ ಅಂತ ಕಾದ್ವಿ. ದೊಡ್ಡ ಎಸ್ಟೇಟಿನೋರು ಕಾಯಲ್ವಾ? ನಾವು ಕಾದ್ರೆ ತಪ್ಪಾ?”

ತಪ್ಪಲ್ಲ ಎಂದೆ.

ಬಾಗಿಲಲ್ಲಿ ಕೂತಿದ್ದ ಅಜ್ಜಿ ನಕ್ಕಿತು. ದೊಡ್ಡಿ ಅಂತ ಹೆಸರು. “ನಾನು ಆವತ್ತೇ ಹೇಳ್ದೆ. ಬೀಜ ಕಚ್ಚಿದ್ರೆ ಟಕ್ ಅನ್ಬೇಕು. ಅನ್ಲಿಲ್ಲ. ಇನ್ನೂ ಮೂರು ದಿನ ಬಿಸಿಲಿಗೆ ಹಾಕಿ ಅಂದೆ. ಇವ್ರೆಲ್ಲ ಸೇರಿ ನನ್ನ ನಗಾಡಿದ್ರು. ಅಜ್ಜಿ, ನಿನ್ನ ಹಲ್ಲಿಗೆ ಬ್ಯಾಟರಿ ಇಲ್ಲ ಅಂತ.”

“ಸುಮ್ನಿರಜ್ಜಿ, ಅದನ್ನ ಎಷ್ಟು ಸಲ ಹೇಳ್ತೀಯ?” ಎಂದರು ಸುಬ್ಬಿ. ಆದರೆ ನಗಲಿಲ್ಲ.

ಒಂದೇ ಚೀಲದ ಬೀಜವನ್ನು ಎರಡು ಮೀಟರಿಗೂ ಹಾಕಿದೆ. ನಾನು ಒಯ್ದದ್ದು 13.2 ತೋರಿಸಿತು. ಅವರದು 11.6. ಐದು ಚೀಲ ನೋಡಿದೆ. ಐದರಲ್ಲೂ ಹೆಚ್ಚುಕಡಿಮೆ ಅಷ್ಟೇ ವ್ಯತ್ಯಾಸ.

“ಯಾವುದು ಸರಿ?” ಎಂದರು ಸುಬ್ಬಿ.

ಸರ್ ಹತ್ತಿರ ಮಾತಾಡಿ ಹೇಳುತ್ತೇನೆ ಎಂದೆ. ಇದು ಸುಳ್ಳಲ್ಲ. 

ಜುಲೈ 9, ಬುಧವಾರ

ಎರಡು ಮೀಟರಿನ ವ್ಯತ್ಯಾಸ ಹೇಳಿದೆ. ಸರ್ ಪುಸ್ತಕ ತೆಗೆದರು, ಡಿಸೆಂಬರಿನ ಪುಟ ನೋಡಿದರು. ತುಂಬ ಹೊತ್ತು ನೋಡಿದರು. ಮುಚ್ಚಿದರು.

“ಮೀಟರ್ ಬಿದ್ದಿರ್ತದೆ. ಹೆಂಗಸರು ತೋಟದಲ್ಲಿ, ಜೀಪಿನಲ್ಲಿ ಎಲ್ಲ ಕಡೆ ಹಿಡ್ಕೊಂಡು ತಿರುಗ್ತಾರೆ. ಗೋದಾಮೂ ಒದ್ದೆ ಇದ್ದಿರ್ಬೇಕು.”

“ಒದ್ದೆ ಇರ್ಲಿಲ್ಲ ಸರ್.”

“ನೀನು ಜುಲೈಯಲ್ಲಿ ನೋಡಿದ್ದು. ಜೂನಲ್ಲಿ ಎಂತ ಇತ್ತು ಹೇಳ್ತೀಯಾ?”

ಸಂಘಕ್ಕೆ ಕಾಗದ ಬರೆಸಿದರು. ಬೂಷ್ಟಿಗೆ ಕಾರಣ ಉಪಕರಣವನ್ನು ಸರಿಯಾಗಿ ಬಳಸದಿರುವುದು ಮತ್ತು ದಾಸ್ತಾನಿನ ಲೋಪ. ಟೈಪ್ ಮಾಡಿದ್ದು ನಾನೇ.

ಜುಲೈ 13, ಭಾನುವಾರ

ನನಗೆ ನಿಜವಾಗಿ ಗೊತ್ತಿಲ್ಲ ಎಂಬ ಒಂದು ಯೋಚನೆ ಬಂತು. ನಾಲ್ಕೂವರೆ ಗಂಟೆ ಕಡಿಮೆಯೇ, ಆದರೆ ಎಷ್ಟು ಕಡಿಮೆ? ಯಾರಿಗೆ ಗೊತ್ತು, ನೀರೆಲ್ಲ ಮೊದಲ ನಾಲ್ಕು ಗಂಟೆಯಲ್ಲೇ ಹೋಗಿರಬಹುದು. ಆಗ ತಪ್ಪು ನನ್ನದಲ್ಲ. ಇದನ್ನು ನೋಡಿಯೇ ಬಿಡುತ್ತೇನೆ.

ತೊಂದರೆ ಏನೆಂದರೆ ಈ ತಿಂಗಳು ಕರೆಂಟು ಒಂದೇ ಸಮ ನಾಲ್ಕು ಗಂಟೆಯೂ ಇರುವುದಿಲ್ಲ. ಇನ್ವರ್ಟರು ಓವನ್ನನ್ನು ಎಳೆಯುವುದಿಲ್ಲ. ನಾನಿಲ್ಲದಾಗ ಎಷ್ಟು ಹೊತ್ತು ಹೋಗಿತ್ತು ಎಂದು ಹೇಗೆ ತಿಳಿಯುವುದು? ಗೋಡೆ ಗಡಿಯಾರ ಇಳಿಸಿ ಸೆಲ್ಲು ತೆಗೆದೆ. ಹಳೆಯ ಮೊಬೈಲ್ ಚಾರ್ಜರಿನ ಐದು ವೋಲ್ಟನ್ನು ಒಂದೂವರೆಗೆ ಇಳಿಸಿ ಆ ಜಾಗಕ್ಕೆ ಬೆಸುಗೆ ಹಾಕಿದೆ. ಚಾರ್ಜರನ್ನು ಓವನ್ನಿನ ಪ್ಲಗ್ಗಿನ ಜೊತೆಗೇ ಸಿಕ್ಕಿಸಿದೆ. ಓವನ್ ಆರಿದರೆ ಗಡಿಯಾರ ನಿಲ್ಲುತ್ತದೆ. ಓವನ್ ಹೊತ್ತಿದರೆ ಗಡಿಯಾರ ಹೊರಡುತ್ತದೆ. ಹನ್ನೆರಡಕ್ಕೆ ಇಟ್ಟು ಶುರು ಮಾಡಿದರಾಯಿತು.

ಕೆಲಸ ಮುಗಿಯುವಾಗ ಊಟದ ಹೊತ್ತು ಕಳೆದುಹೋಗಿತ್ತು. ಅಮ್ಮ ಫೋನ್ ಮಾಡಿದರು. “ಭಾನುವಾರನೂ ಕೆಲ್ಸನಾ? ಈ ಸಲಾನಾದ್ರೂ ಬಿಡದೆ ಇರ್ತೀಯಲ್ಲ, ಅಷ್ಟು ಸಾಕು ಕಣೆ.”

ಓವನ್ ಆನ್ 2.40. ಎಂಟು ತಟ್ಟೆ, ಒಂದೇ ಚೀಲದ ಬೀಜ. ನಾಲ್ಕನ್ನು ನಾಲ್ಕೂವರೆ ಗಂಟೆ ಉರಿದ ಮೇಲೆ ತೆಗೆಯುವುದು, ನಾಲ್ಕನ್ನು ಹದಿನಾರು ಗಂಟೆಯ ಮೇಲೆ.

ಜುಲೈ 14, ಸೋಮವಾರ

ಕರೆಂಟು ಐದು ಸಲ ಹೋಯಿತು. ಹದಿನಾರು ಗಂಟೆ ಆಗಲು ಇಪ್ಪತ್ತಾರು ಗಂಟೆ ಬೇಕಾಯಿತು. ನಡುವೆ ತಣ್ಣಗಾದ ಬೀಜ ಗಾಳಿಯಿಂದ ನೀರು ವಾಪಸ್ ಎಳೆದುಕೊಳ್ಳುತ್ತದೆಯೇ ಗೊತ್ತಿಲ್ಲ. ಗೊತ್ತಿರುವವರನ್ನು ಕೇಳಬೇಕು.

ನಾಲ್ಕೂವರೆ ಗಂಟೆಯದು: 10.9, 10.8, 10.9, 11.0.
ಹದಿನಾರರದು: 12.5, 12.5, 12.4, 12.6.

ವ್ಯತ್ಯಾಸ 1.6. ನೆಲ್ಯಹುದಿಕೇರಿಯಲ್ಲಿ ಮೀಟರಿಗೂ ಮೀಟರಿಗೂ ಇದ್ದದ್ದು 1.6.

ಜುಲೈ 17, ಗುರುವಾರ

ವಿಶ್ವವಿದ್ಯಾಲಯದಿಂದ ಪ್ರೊಫೆಸರ್ ಅನಿಲ್‌ಕುಮಾರ್ ಬಂದಿದ್ದರು. ಇಪ್ಪತ್ತೊಂಬತ್ತಕ್ಕೆ ವ್ಯಾನ್ ತಂದು ಪುಸ್ತಕಗಳನ್ನು ಒಯ್ಯುತ್ತಾರಂತೆ. ನಾನು ಕಾಫಿ ತಂದಿಟ್ಟೆ. ಅವರು ಲ್ಯಾಪ್‌ಟಾಪ್ ತಿರುಗಿಸಿ ಸರ್‌ಗೆ ತೋರಿಸಿದರು. ಪುಸ್ತಕಗಳ ಫೋಟೋ ಮೊದಲೇ ತೆಗೆಸಿದ್ದರು. ಎಲ್ಲ ಅಂಕಿಗಳನ್ನೂ ಚುಕ್ಕೆಯಾಗಿ ಹಾಕಿದ್ದರು. ನಲವತ್ತೊಂದು ವರ್ಷದ ಚುಕ್ಕೆಗಳು ಇರುವೆ ಸಾಲಿನ ಹಾಗೆ ಒಂದೇ ಗೆರೆ ಹಿಡಿದು ಹೋಗಿದ್ದವು. ಇಂಥದ್ದನ್ನು ನಾನು ನೋಡಿರಲಿಲ್ಲ.

“ಇವಿಷ್ಟು ಮಾತ್ರ ನೋಡಿ,” ಎಂದು ಕೆಳಗೆ ಬೆರಳಿಟ್ಟರು. ಗೆರೆಯಿಂದ ಕೆಳಕ್ಕೆ ಹನ್ನೆರಡು ಚುಕ್ಕೆ. “ಹೋದ ಡಿಸೆಂಬರಿನದು. ಹನ್ನೆರಡೂ ಒಟ್ಟಿಗೆ ಇಳಿದಿವೆ. ತಪ್ಪಾಗಿದ್ದರೆ ಒಂದೋ ಎರಡೋ ಆಚೀಚೆ ಆಗಬೇಕಿತ್ತು. ಏನಿದು?”

ಸರ್ ಲೋಟ ಕೆಳಗಿಟ್ಟರು. “ಆ ವರ್ಷದ ಬೀಜವೇ ಬೇರೆ. ಮಳೆ ಹಾಗಿತ್ತು.”

“ಹವಾಮಾನದಿಂದ ಬೀಜದ ಗುಣವೇ ಬದಲಾಗಿದೆ ಅಂತೀರಾ?” ಪ್ರೊಫೆಸರರ ಮುಖ ಅರಳಿತು. “ನಮ್ಮ ಹುಡುಗಿ ಒಬ್ಬಳು ಪಿಎಚ್.ಡಿ.ಗೆ ವಿಷಯ ಹುಡುಕ್ತಿದಾಳೆ. ಇದನ್ನೇ ಕೊಡ್ತೀನಿ. ಮೂರು ವರ್ಷದ ಕೆಲಸ.”

ನನ್ನ ಕೈಯಲ್ಲಿ ಖಾಲಿ ಟ್ರೇ ಇತ್ತು. ತಣ್ಣಗಾದ ಬೀಜ ನೀರು ಎಳೆದುಕೊಳ್ಳುತ್ತದೆಯೇ ಎಂದು ಕೇಳಿದೆ. ಎಳೆದುಕೊಳ್ಳುತ್ತದೆ, ಆದರೆ ಓವನ್ನಿನ ಬಾಗಿಲು ಮುಚ್ಚಿದ್ದರೆ ಬಹಳ ಕಡಿಮೆ ಎಂದರು. ಆಮೇಲೆ “ಎಲ್ಲಿ ಓದಿದ್ದು ನೀವು?” ಎಂದರು. ಓದಿಲ್ಲ ಎಂದೆ.

ಜುಲೈ 18, ಶುಕ್ರವಾರ

ಮೂರು ವರ್ಷ.

ಜುಲೈ 20, ಭಾನುವಾರ

ನಾನು ಇರುವುದು ವನಜಮ್ಮನ ಮನೆಯ ಹಿಂದಿನ ಕೋಣೆಯಲ್ಲಿ. ವರ್ಕ್‌ಶಾಪಿನಲ್ಲಿ ಇಪ್ಪತ್ತು ವರ್ಷದಿಂದ ಬೆಸುಗೆ ಹಾಕುವವರು. ಇವತ್ತು ಮೀನು ತೊಳೆಯುತ್ತಾ, ನನ್ನ ಕಡೆ ನೋಡದೆಯೇ ಕೇಳಿದರು.

“ಆ ಗಡಿಯಾರ ಯಾಕೆ ಓವನ್ನಿಗೆ ಕಟ್ಟಿದ್ದು?”

ಸುಳ್ಳು ಹೇಳಲು ಬರಲಿಲ್ಲ. ಹೇಳಿಬಿಟ್ಟೆ. ಬಾಯಿಂದ ಹೊರಗೆ ಬಂದಾಗ ಅದು ಬಹಳ ಚಿಕ್ಕದಾಗಿತ್ತು. ಒಂದು ಉಸಿರಿಗೆ ಮುಗಿಯಿತು.

ವನಜಮ್ಮ ಕೈ ಒರೆಸಿಕೊಂಡರು. “ಬೇರೆ ಯಾರಿಗೆ ಹೇಳಿದ್ದೀ?”

“ಯಾರಿಗೂ ಇಲ್ಲ.”

“ಹಾಗೇ ಇರ್ಲಿ. ಮೀಟರ್ ತಪ್ಪು ಅಂತ ಒಂದು ಸಲ ಸುದ್ದಿ ಆದ್ರೆ ನಮ್ಮದನ್ನ ಯಾರು ಮುಟ್ತಾರೆ? ನಾವು ಹನ್ನೆರಡು ಜನ ಇದ್ದೇವೆ ಅಲ್ಲಿ. ನಿನಗೆ ಬಸ್ಸು ಹತ್ತೋದು ಅಭ್ಯಾಸ. ನಂಗೆ ಈ ವಯಸ್ಸಲ್ಲಿ ಯಾರು ಕೆಲ್ಸ ಕೊಡ್ತಾರೆ, ಹೇಳು?”

“ಮತ್ತೆ ಆ ಹೆಂಗಸ್ರು?”

“ಅವರಿಗೆ ಅನ್ಯಾಯ ಆಗಿದೆ. ಇಲ್ಲ ಅಂತ ನಾನು ಹೇಳಿದ್ನಾ? ಮೀನು ಎಷ್ಟು ತುಂಡು ಹಾಕ್ಲಿ ನಿಂಗೆ?”

ಎರಡು ಎಂದೆ. ನಾಲ್ಕು ಹಾಕಿದರು. ತಿನ್ನಲಾಗಲಿಲ್ಲ.

ಜುಲೈ 22, ಮಂಗಳವಾರ

ಬಟ್ಟೆ ತುಂಬಿಕೊಂಡೆ. ಗೋಣಿಕೊಪ್ಪದ ಬಸ್ಸು ಬಂತು, ಹೋಯಿತು. ಬಟ್ಟೆ ವಾಪಸ್ ಹಗ್ಗದ ಮೇಲೆ ಹಾಕಿದೆ. ಹೇಗೂ ಪೂರ್ತಿ ಒಣಗಿರಲಿಲ್ಲ.

ಜುಲೈ 24, ಗುರುವಾರ

ಹೇಳಿದೆ.

ಮಧ್ಯಾಹ್ನ ಎಲ್ಲರೂ ಊಟಕ್ಕೆ ಹೋದಾಗ ಸರ್ ಒಬ್ಬರೇ ಇದ್ದರು. ಎಂಟು ತಟ್ಟೆಯ ಅಂಕಿ ಬರೆದ ಹಾಳೆಯನ್ನು ಮೇಜಿನ ಮೇಲಿಟ್ಟೆ. ಪುತ್ತರಿಯ ದಿನ ನಾಲ್ಕೂವರೆ ಗಂಟೆ ಸರ್, ಹದಿನಾರು ನಾನು ಬರೆದದ್ದು ಎಂದೆ. ಬೈಯುತ್ತಾರೆ ಎಂದುಕೊಂಡು ಕಿಟಕಿ ನೋಡುತ್ತಾ ನಿಂತೆ.

ಅವರು ಹಾಳೆಯನ್ನು ಎರಡು ಸಲ ಓದಿದರು. “ಕರೆಂಟಿನ ನಡುವೆ ಹದಿನಾರು ಗಂಟೆ ಹೇಗೆ ಅಳೆದೆ?”

ಗಡಿಯಾರ ತೋರಿಸಿದೆ. ಅದನ್ನು ತಿರುಗಿಸಿ ಹಿಂದಿನ ಬೆಸುಗೆ ನೋಡಿದರು. “ನಲವತ್ತೊಂದು ವರ್ಷ, ನಂಗೆ ಇದು ಹೊಳೀಲಿಲ್ಲ,” ಅಂದರು.  ಗಡಿಯಾರವನ್ನು ಮೆಲ್ಲಗೆ ಕೆಳಗಿಟ್ಟರು.

“ಕರೆಂಟು ಹೋದದ್ದು ನಂಗೆ ಗೊತ್ತಿತ್ತು.”

ನನಗೆ ಅರ್ಥವಾಗಲಿಲ್ಲ.

“ಹಬ್ಬ ಮುಗಿಸಿ ಬಂದ ದಿನವೇ ಬೇಕರಿಯವ ಹೇಳಿದ. ಆಮೇಲೆ ಪುಸ್ತಕದಲ್ಲಿ ಹದಿನಾರು ನೋಡಿದೆ. ಸಹಿ ಹಾಕಿದೆ.”

“ನನ್ನ ಯಾಕೆ ಕೇಳಲಿಲ್ಲ ಸರ್?”

“ಕೇಳಿದ್ರೆ ನೀನು ನಿಜ ಹೇಳ್ತಿದ್ದೆ.”

ಹೊರಗೆ ವನಜಮ್ಮನ ಕೊಡೆ ಮಡಚುವ ಸದ್ದಾಯಿತು. ಸರ್ ಹಾಳೆಯನ್ನು ಡ್ರಾಯರಿಗೆ ಹಾಕಿದರು. “ಒಂಬತ್ತನೇ ತಾರೀಕು ಕಳೀಲಿ ಕುಂಞಿ. ಆಮೇಲೆ ಎಲ್ಲ ಸರಿ ಮಾಡುವ. ಹದಿನೈದು ದಿನ. ನಾನು ಈ ಒಂದು ದಿನಕ್ಕೆ ಎಷ್ಟು ವರ್ಷ ಕಾದಿದ್ದೇನೆ ನಿಂಗೆ ಗೊತ್ತುಂಟಾ?”

ಆಯಿತು ಎಂದೆ.

ಜುಲೈ 26, ಶನಿವಾರ

ಆಯಿತು ಎಂದದ್ದು ತಪ್ಪು. ಒಂಬತ್ತರ ನಂತರ ಸರಿ ಮಾಡುವುದು ಹೇಗೆ? ಪುಸ್ತಕ ಇಪ್ಪತ್ತೊಂಬತ್ತಕ್ಕೇ ಹೋಗುತ್ತದೆ. ಆ ಹುಡುಗಿ ಅದರ ಮೇಲೆ ಕೆಲಸ ಶುರು ಮಾಡುತ್ತಾಳೆ. ನೆಲ್ಯಹುದಿಕೇರಿಯವರು ನಮ್ಮ ಕಾಗದ ಹಿಡಿದುಕೊಂಡು ಕೂತಿದ್ದಾರೆ. ಸುಬ್ಬಿ ಇವತ್ತು ಫೋನ್ ಮಾಡಿದ್ದರು. “ಲೋಪ ಅಂದ್ರೆ ಏನವ್ವ?” ಎಂದರು. ನಾನು ಹೇಳಿದೆ. “ಓ, ತಪ್ಪು ನಮ್ಮದಾ?” ಎಂದು ಫೋನ್ ಇಟ್ಟರು.

ಸರ್ ಕೆಟ್ಟವರಲ್ಲ. ಅವರು ಕೆಟ್ಟವರಾಗಿದ್ದರೆ ನನಗೆ ಸುಲಭವಾಗುತ್ತಿತ್ತು.

ಜುಲೈ 28, ಸೋಮವಾರ

ಬೆಳಿಗ್ಗೆ ಎಲ್ಲರಿಗಿಂತ ಮೊದಲು ಹೋದೆ. ಡಿಸೆಂಬರಿನ ಪುಟ ತೆಗೆದು, ‘16’ರ ಮೇಲೆ ಒಂದು ಗೆರೆ ಎಳೆದೆ. ಕೆಳಗಿನದು ಓದಲು ಬರುವ ಹಾಗೆ ಎಳೆಯಬೇಕು ಎಂದು ಸರ್ ಕಲಿಸಿದ್ದು. ಪಕ್ಕದಲ್ಲಿ ಕೆಂಪು ಪೆನ್ನಿನಲ್ಲಿ ಬರೆದೆ: ‘4½ ಗಂಟೆ. ಕರೆಂಟು ಇರಲಿಲ್ಲ. ಗೊತ್ತಿದ್ದೂ 16 ಎಂದು ಬರೆದಿದ್ದೆ. ಹನ್ನೆರಡೂ ಅಂಕಿ ತಪ್ಪು, ಸುಮಾರು 1.6 ಕಡಿಮೆ. ಸ್ಪಂದನಾ, 28-7-2025.’

ಪುಸ್ತಕ ತೆರೆದೇ ಸರ್ ಮುಂದೆ ಇಟ್ಟೆ. ಕದ್ದು ಬರೆದದ್ದು ಎಂದಾಗಬಾರದು.

ಅವರ ಮುಖ ಕೆಂಪಾಯಿತು. ಅವರು ಕೂಗಿದ್ದನ್ನು ನಾನು ಇದುವರೆಗೆ ಕೇಳಿರಲಿಲ್ಲ. “ಯಾರ ಪುಸ್ತಕ ಇದು? ಹೇಳು, ಯಾರದ್ದು? ಹದಿನೈದು ದಿನ ಕೇಳಿದೆ ನಿನ್ನ ಹತ್ರ. ಭಿಕ್ಷೆ ಕೇಳಿದ ಹಾಗೆ ಕೇಳಿದೆ!”

“ಪುಸ್ತಕ ನಿಮ್ಮದು ಸರ್. ಅಂಕಿ ನನ್ನದು.”

“ಹೋಗು ಆಚೆ.”

ಹನ್ನೊಂದು ಜನವೂ ಕೈ ನಿಲ್ಲಿಸಿ ನೋಡುತ್ತಿದ್ದರು. ವನಜಮ್ಮ ನನ್ನ ಕಡೆ ನೋಡಲಿಲ್ಲ. ಕೋಣೆಗೆ ಬಂದೆ. 

ಜುಲೈ 29, ಮಂಗಳವಾರ

ಹೋಗಬಾರದು ಎಂದುಕೊಂಡಿದ್ದೆ. ವ್ಯಾನಿನ ಸದ್ದು ಕೇಳಿ ಹೋದೆ. ರಸ್ತೆಯಲ್ಲೇ ನಿಂತೆ. ಬಾಗಿಲು ತೆರೆದಿತ್ತು, ಒಳಗಿನ ಮಾತು ಕೇಳಿಸುತ್ತಿತ್ತು.

ನಲವತ್ತು ಪುಸ್ತಕ ವ್ಯಾನಿಗೆ ಹೋದವು. ಕೊನೆಯದು ಮೇಜಿನ ಮೇಲೆ, ಸರ್ ಕೈ ಅದರ ಮೇಲೆ. ಆ ಪುಟವನ್ನು ಹರಿದುಬಿಡುತ್ತಾರೆ ಎಂದುಕೊಂಡೆ. ಅವರು ಪುಟ ತೆಗೆದು, ಕನ್ನಡಕ ಹಾಕಿ, ನನ್ನ ಕೆಂಪು ಅಕ್ಷರದ ಕೆಳಗೆ ಏನೋ ಬರೆದರು. ಆಮೇಲೆ ಪ್ರೊಫೆಸರರ ಕಡೆ ತಿರುಗಿಸಿದರು.

“ಆ ಹುಡುಗಿಗೆ ಬೇರೆ ವಿಷಯ ಕೊಡಿ. ಬೀಜ ಬದಲಾಗಿಲ್ಲ. ಈ ಪುಟದಲ್ಲಿ ಎರಡು ಸುಳ್ಳು ಉಂಟು. ಒಂದು ಸ್ಪಂದನಾಳದ್ದು, ಅವಳೇ ಬರೆದಿದ್ದಾಳೆ. ಇನ್ನೊಂದು ನನ್ನದು.”

ಪ್ರೊಫೆಸರ್ ಓದಿದರು. “ಸರ್, ಇದು ನಮ್ಮೊಳಗೇ ಇರಬಹುದು. ಒಂಬತ್ತರ ಕಾರ್ಯಕ್ರಮಕ್ಕೆ ಕುಲಪತಿಗಳು—”

“ಒಂಬತ್ತು ಬೇಡ. ಮೂವತ್ತೆಂಟು ಮೀಟರ್ ವಾಪಸ್ ಬರುವವರೆಗೆ ನನ್ನ ಹೆಸರು ಯಾವ ಗೋಡೆಗೂ ಬೇಡ. ಪ್ರಯೋಗಾಲಯ ನಿಮ್ಮದೇ, ನಾಳೆಯೇ ಬಾಗಿಲು ತೆಗೀರಿ. ಸಮಾರಂಭ ಬೇಡ.”

ವ್ಯಾನು ಹೋಯಿತು. ಸರ್ ರಸ್ತೆಯಲ್ಲಿದ್ದ ನನ್ನನ್ನು ನೋಡಿದರು. ಕರೆಯಲಿಲ್ಲ. ಬಾಗಿಲನ್ನೂ ಹಾಕಲಿಲ್ಲ.

ಅವರು ಬರೆದದ್ದು ಏನೆಂದು ವನಜಮ್ಮ ಸಂಜೆ ಹೇಳಿದರು: ‘ಕರೆಂಟು ಹೋದದ್ದು ತಿಳಿದೂ ಸಹಿ ಹಾಕಿದ್ದೇನೆ.’ ಎಂದಿನ ಹಾಗೆ ಇಂಗ್ಲಿಷಿನಲ್ಲಲ್ಲ, ಕನ್ನಡದಲ್ಲೇ.

ಆಗಸ್ಟ್ 2, ಶನಿವಾರ

ಇವತ್ತು ಸರ್ ತಮ್ಮ ಜೀಪಿನಲ್ಲಿ ನನ್ನನ್ನು ನೆಲ್ಯಹುದಿಕೇರಿಗೆ ಕರೆದುಕೊಂಡು ಹೋದರು.  ಸಿದ್ದಾಪುರದಲ್ಲಿ ಟೀ ಕುಡಿದೆವು. ದುಡ್ಡು ಅವರೇ ಕೊಟ್ಟರು.

ಸಂಘದವರು ಹದಿನಾಲ್ಕು ಜನ ಬಂದಿದ್ದರು. ಸರ್ ಕುರ್ಚಿಯಲ್ಲಿ ಕೂರಲಿಲ್ಲ. ಮೀಟರ್ ತಪ್ಪು, ಕಾಗದವೂ ತಪ್ಪು, ನಿಮ್ಮದು ಏನೂ ಲೋಪವಿಲ್ಲ ಎಂದರು. ಓವನ್ನಿನ ಮುಂದೆ ಇದ್ದದ್ದು ನಾನು ಎಂದು ನಾನು ಹೇಳಿದೆ.

ಸುಬ್ಬಿ ಇಬ್ಬರನ್ನೂ ನೋಡಿದರು. “ಸಾವ್ಕಾರ್ರೆ, ಆ ಕಾಗದ ಓದ್ಸೋಕೆ ನಾನು ಮೂರು ಮನೆ ಸುತ್ತಿದೀನಿ. ಇವತ್ತು ಬಾಯಲ್ಲೇ ಹೇಳಿದ್ರಿ, ಒಳ್ಳೇದಾಯ್ತು. ಆದ್ರೆ ನಮ್ಮನ್ನ ಕಳ್ಳಿಯರು ಅಂದವ್ನಿಗೆ ಯಾರು ಹೇಳೋದು?”

“ಅವನ ಅಂಗಡಿಗೆ ಈಗಲೇ ಹೋಗುವ. ನೀವೂ ಬನ್ನಿ,” ಎಂದರು ಸರ್. ಇಪ್ಪತ್ತಾರು ಚೀಲವನ್ನು ಒಳ್ಳೆಯ ಕಾಫಿಯ ಬೆಲೆಗೆ ತಾವೇ ತೆಗೆದುಕೊಳ್ಳುವುದಾಗಿಯೂ ಹೇಳಿದರು.

ದೊಡ್ಡಿ ಅಜ್ಜಿ ಬಾಗಿಲಲ್ಲೇ ಕೂತಿತ್ತು. “ಪುಸ್ತಕ ಎಲ್ಲ ದೊಡ್ಡ ಕಾಲೇಜಲ್ಲಿ ಇಡ್ತಾರಂತೆ, ಹೌದಾ? ಹಂಗಾದ್ರೆ ನನ್ನ ಹಲ್ಲೂ ಎರಡು ತಗೊಂಡು ಹೋಗಿ. ಹೆಂಗೂ ಅಲ್ಲಾಡ್ತಾ ಇದಾವೆ.”

ಹೆಂಗಸರು ನಕ್ಕರು. ಸರ್‌ಗೂ ನಗು ಬಂತು, ತಡೆಯಲು ನೋಡಿ ಕೆಮ್ಮಿದರು. ಸುಬ್ಬಿ ಮಾತ್ರ ನಗದೆ ಜೀಪು ಹತ್ತಿ, ಮುಂದಿನ ಸೀಟಿನಲ್ಲಿ ಕೂತರು. ನಾನು ಹಿಂದೆ ಕೂತೆ.

ವ್ಯಾಪಾರಿ ಸರ್‌ಗೆ ಕುರ್ಚಿ ತಂದ. ಸರ್ ಸುಬ್ಬಿಯನ್ನು ಅದರಲ್ಲಿ ಕೂರಿಸಿ ಮಾತು ಶುರು ಮಾಡಿದರು.

ಆಗಸ್ಟ್ 6, ಬುಧವಾರ

ಸರ್ ಕರೆದರು. ಮೂವತ್ತೆಂಟು ಮೀಟರಿನ ಪಟ್ಟಿ ಮಾಡಿದ್ದರು. ಕೊಡಗಿನಲ್ಲಿ ಹದಿನಾಲ್ಕು, ಸಕಲೇಶಪುರದ ಕಡೆ ಒಂಬತ್ತು, ಮೂಡಿಗೆರೆಯಲ್ಲಿ ಎಂಟು, ವಯನಾಡಿನಲ್ಲಿ ಏಳು.

“ಅಂಚೆಯಲ್ಲಿ ಕಳಿಸಿ ಅಂದ್ರೆ ಯಾರೂ ಕಳಿಸೋದಿಲ್ಲ. ಮನೆ ಮನೆಗೆ ಹೋಗ್ಬೇಕು. ಹೋಗಿ, ಯಾಕೆ ತಪ್ಪಾಯ್ತು ಅಂತ ಹೇಳಿ, ಅಲ್ಲೇ ತಿದ್ದಿ ಕೊಡ್ಬೇಕು. ಹೇಳೋಕೆ ಬೇರೆ ಯಾರನ್ನ ಕಳಿಸ್ಲಿ?”

ಕೊಡಗಿನದನ್ನು ವನಜಮ್ಮ ನೋಡಿಕೊಳ್ಳುತ್ತಾರೆ. ಉಳಿದದ್ದು ನಾನು.

“ಮುಗಿಸಿ ಬಂದ ಮೇಲೆ ಸರ್?”

ಅವರು ಪಟ್ಟಿಯನ್ನು ಮಡಚಿದರು, ಬಿಚ್ಚಿದರು, ಮತ್ತೆ ಮಡಚಿದರು. “ಇಲ್ಲಿಗೆ ಬರ್ಬೇಡ ಕುಂಞಿ. ಸಿಟ್ಟಿಲ್ಲ. ನಿನ್ನನ್ನ ನೋಡಿದಾಗೆಲ್ಲ ನಂಗೆ ನನ್ನ ಸಹಿ ಕಾಣ್ತದೆ. ನಂಗೆ ವಯಸ್ಸಾಯ್ತು, ದಿನಾ ಅದನ್ನ ನೋಡೋಕೆ ಆಗೋದಿಲ್ಲ.”

ಸುಳ್ಳು ಹೇಳಬಹುದಿತ್ತು ಅವರು. ಹೇಳಲಿಲ್ಲ. ಹೊರಗೆ ಬಂದು ನಲ್ಲಿಯ ಹತ್ತಿರ ತುಂಬ ಹೊತ್ತು ಕೈ ತೊಳೆದೆ.

ಆಗಸ್ಟ್ 9, ಶನಿವಾರ

ಇವತ್ತು ಸಮಾರಂಭ ಇರಬೇಕಿತ್ತು. ಸರ್ ಎಂದಿನಂತೆ ಎಂಟೂವರೆಗೆ ಬಂದು ಕೆಲಸಕ್ಕೆ ಕೂತರಂತೆ. ಹೊಸ ಬಿಳಿ ಅಂಗಿ ಹಾಕಿದ್ದರು ಎಂದರು ವನಜಮ್ಮ.

ನಾನು ಇಡೀ ದಿನ ಕೋಣೆಯಲ್ಲಿ, ಜೊತೆಗೆ ಒಯ್ಯಲು ಸರ್ ಕೊಟ್ಟ ಚಿಕ್ಕ ಓವನ್ ಪರೀಕ್ಷಿಸಿದೆ. ನೂರೈದಕ್ಕೆ ಇಟ್ಟರೆ ನೂರೆರಡಕ್ಕೆ ನಿಲ್ಲುತ್ತಿತ್ತು. ಬಾಗಿಲಿನ ರಬ್ಬರ್ ಬದಲಿಸಿದೆ. ಈಗ 104.5ರಿಂದ 105.5ರ ನಡುವೆ ಇದೆ. ಮೂರು ಸಲ ನೋಡಿದೆ.

ಆಗಸ್ಟ್ 10, ಭಾನುವಾರ

ಅಮ್ಮನಿಗೆ ಫೋನ್ ಮಾಡಿ ಎಲ್ಲ ಹೇಳಿದೆ. ಡಿಸೆಂಬರಿನಿಂದ ಶುರು ಮಾಡಿ.  ಎಲ್ಲ ಕೇಳಿಸಿಕೊಂಡು ಅವರು, “ಊಟಕ್ಕೆ ಏನ್ ಮಾಡ್ತೀಯ ಅಲ್ಲೆಲ್ಲ?” ಎಂದರು. ಎಲ್ಲಾದರೂ ಸಿಗುತ್ತದೆ ಎಂದೆ.

ತಕ್ಕಡಿಯನ್ನು ಹೊದಿಕೆಯಲ್ಲಿ ಸುತ್ತಿ ಇಟ್ಟಿದ್ದೇನೆ, ತಟ್ಟೆಗಳನ್ನು ಬಟ್ಟೆಯ ನಡುವೆ. ಓವನ್ ತೂಕ ಒಂಬತ್ತು ಕಿಲೋ. ವನಜಮ್ಮ ಅದಕ್ಕೆ ಹಳೆಯ ಬೆಡ್‌ಶೀಟಿನಲ್ಲಿ ಹಿಡಿ ಹೊಲಿದು ಕೊಟ್ಟರು. ಹೊಲಿಯುವಾಗ ಬೈಯುತ್ತಲೇ ಇದ್ದರು. ಡಿಸೆಂಬರಿನ ಸುದ್ದಿ ಕೇಳಿ ವಿರಾಜಪೇಟೆಯ ಒಬ್ಬ ಡೀಲರ್ ಆರ್ಡರ್ ನಿಲ್ಲಿಸಿದ್ದಾನಂತೆ. ಇನ್ನೊಬ್ಬ ಹತ್ತು ಹೆಚ್ಚು ಕೇಳಿದ್ದಾನಂತೆ. ಮುಂದೆ ಹೇಗೋ ಗೊತ್ತಿಲ್ಲ.

ಸಕಲೇಶಪುರದಲ್ಲಿ ಮೊದಲ ಮನೆ ಜಯಪ್ಪ ಎಂಬುವರದು. ಫೋನ್ ಮಾಡಿ ಹೇಳಿದ್ದಕ್ಕೆ, “ಬಾರಮ್ಮ, ಬಂದು ಹೇಳು, ಆಮೇಲೆ ಬೈತೀನಿ,” ಎಂದರು.

ನಾಳೆ ಬೆಳಿಗ್ಗೆ ಆರು ಇಪ್ಪತ್ತರ ಬಸ್ಸಿಗೆ ಹೊರಡುತ್ತೇನೆ.